ದಾಖಲೆಯಲ್ಲಿ ಇನ್ನೂ ಸಸಿ

ಪಿತೃಪಕ್ಷದ ಅಮಾವಾಸ್ಯೆ ಕಳೆದ ಮಾರನೇ ದಿನ ಸೋದರಮಾವ ಬಂದಿದ್ದರು. ಕೈಯಲ್ಲಿ ಒಂದು ಸಿಮೆಂಟಿನ ಖಾಲಿ ಚೀಲ, ಅದರಲ್ಲಿ ಅರ್ಧದಷ್ಟು ಸಪೋಟ. ಅಡುಗೆಮನೆಯ ಮೂಲೆಯಲ್ಲಿ ಇಳಿಸಿ, "ಇನ್ನೂ ಗಟ್ಟಿ ಅವೆ. ಅಕ್ಕಿ ಡಬ್ಬದಲ್ಲಿ ಹಾಕಿಡವ್ವ, ನಾಕು ದಿನಕ್ಕೆ ಹಣ್ಣಾಗ್ತವೆ" ಅಂದರು. ಎಲ್ಲಿಯ ಹಣ್ಣು ಅಂತ ನಾನು ಕೇಳಲಿಲ್ಲ. ಅಮ್ಮನೂ ಕೇಳಲಿಲ್ಲ. ಇಬ್ಬರಿಗೂ ಗೊತ್ತಿತ್ತು. ಆ ಮರಗಳಿರುವ ಜಮೀನು ಈಗ ಮಾವನದ್ದಲ್ಲ. ಮೊದಲು ತಾತನದ್ದಾಗಿತ್ತು, ಆಮೇಲೆ ಅಜ್ಜಿಯ ಹೆಸರಿಗೆ ಬಂತು, ಉಳುತ್ತಿದ್ದವರು ಮಾವ. ಈಗ ಸರ್ಕಾರದ್ದು. ಮರಗಳೂ ಸರ್ಕಾರದ್ದೇ. ಅವಕ್ಕೆ ಪರಿಹಾರ ಕೊಟ್ಟಾಗಿದೆ, ಮಾವ ಸಹಿ ಹಾಕಿ ಚೆಕ್ ತಗೊಂಡಾಗಿದೆ. ಲೆಕ್ಕ ಹಿಡಿದು ಹೇಳಿದರೆ ನಮ್ಮ ಅಕ್ಕಿ ಡಬ್ಬದಲ್ಲಿ ಮಾಗುತ್ತಿರುವುದು ಕದ್ದ ಮಾಲು.

ಈ ಸಪೋಟದ ಕತೆ ಬರೆಯಬೇಕು ಅಂತ ಬಹಳ ದಿನದಿಂದ ಇತ್ತು. 2025ರ ಜುಲೈನಲ್ಲಿ ದೇವನಹಳ್ಳಿಯ ರೈತರ ಜಮೀನನ್ನು ಸರ್ಕಾರ ಕೈಬಿಟ್ಟ ಸುದ್ದಿ ಬಂದಾಗ ಕೂತು ನಾಲ್ಕು ಸಾಲು ಬರೆದೂ ಇದ್ದೆ. ಮುಂದೆ ಹೋಗಲಿಲ್ಲ. ಎಲ್ಲರೂ ಎಕರೆ, ಕೋಟಿ ಅಂತ ಮಾತಾಡುತ್ತಿದ್ದರು. ಕೆಲವರು ಅನ್ನ, ಮಣ್ಣು ಅಂತ ಮಾತಾಡುತ್ತಿದ್ದರು. ನನ್ನ ತಲೆಯಲ್ಲಿ ಕೊರೆಯುತ್ತಿದ್ದದ್ದು ಎರಡೂ ಅಲ್ಲ. ಅದು ಏನು ಅಂತ ಚೀಲ ಎದುರಿಗೆ ಬಂದ ಮೇಲೆ ಸ್ವಲ್ಪ ಹೊಳೆಯಿತು.

ರಾಗಿ ಪೈರಿನ ಹಾಗೆ ನೆಟ್ಟ ಮರ

ಅಮ್ಮನ ತವರು ಬೆಂಗಳೂರಿನಿಂದ ಉತ್ತರಕ್ಕೆ ನಲವತ್ತು ಕಿಲೋಮೀಟರ್ ಆಚೆ. ಊರಿನ ಹೆಸರು ಹಾಕುವುದಿಲ್ಲ. ಯಾವ ಕಾರ್ಖಾನೆಗೆ ಅಂತಲೂ ಬೇಡ, ಅದು ಹೇಗೂ ಬರಲೇ ಇಲ್ಲ. 3 ಎಕರೆ 14 ಗುಂಟೆ ಖುಷ್ಕಿ. ರಾಗಿ, ಜೊತೆಗೆ ಅಕ್ಕಡಿ ಸಾಲಲ್ಲಿ ಅವರೆ, ಬದುವಿನಲ್ಲಿ ತೆಂಗು. 2007ರಲ್ಲಿ ವಿಮಾನ ನಿಲ್ದಾಣದ ಕೆಲಸ ಜೋರಾಗಿ ನಡೆಯುತ್ತಿತ್ತು. ಆ ಕಡೆಯ ಯಾವ ಟೀ ಅಂಗಡಿಗೆ ಹೋದರೂ "ಇನ್ನು ಇದೆಲ್ಲಾ ಓಯ್ತದೆ" ಅನ್ನೋದೇ ಮಾತು. ಯಾರ ಜಮೀನು ಹೋಗುತ್ತೆ ಅನ್ನುವುದು ರೈತರಿಗಿಂತ ಮೊದಲು ಬ್ರೋಕರ್‌ಗಳಿಗೆ ಗೊತ್ತಿರುತ್ತಿತ್ತು. ಬಿಳಿ ಕಾರಿನಲ್ಲಿ ಬಂದ ಒಬ್ಬರು ಮಾವನಿಗೆ ಸಲಹೆ ಕೊಟ್ಟು ಹೋದರು: ಮರ ನೆಡಿ.

ಭೂಸ್ವಾಧೀನ ಕಂಡ ಊರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ನೆಲಕ್ಕೆ ಒಂದು ದರ, ನೆಲದ ಮೇಲಿರುವ ಮಾಲ್ಕಿಗೆ ಇನ್ನೊಂದು ದರ. ಮಾಲ್ಕಿ ಅಂದರೆ ಮರ, ಬಾವಿ, ಶೆಡ್ಡು, ಕೊಳವೆ ಬಾವಿ, ಎಲ್ಲ. ಹಾಗಾಗಿ ಸುದ್ದಿ ಹಬ್ಬಿದ ಕೂಡಲೇ ಊರಿಗೆ ಊರೇ ಹಸಿರಾಯಿತು. ಒಬ್ಬರು ತೇಗ, ಒಬ್ಬರು ಸಿಲ್ವರ್ ಓಕ್, ಒಬ್ಬರು ನುಗ್ಗೆ. ಹಂದಿಯೂ ಕಾಲಿಡದ ಕಡೆ ಶೀಟಿನ ಶೆಡ್ಡುಗಳು ಎದ್ದವು. ನಮ್ಮ ಮಾವ ಹೆಸರಘಟ್ಟದ ಕಡೆಯ ಒಂದು ನರ್ಸರಿಯಿಂದ 60 ಸಪೋಟ ಕಸಿ ಗಿಡ ತಂದರು. ಸಪೋಟಕ್ಕೆ ಗಿಡದಿಂದ ಗಿಡಕ್ಕೆ ಸಾಮಾನ್ಯವಾಗಿ ಇಪ್ಪತ್ತೈದು, ಮೂವತ್ತು ಅಡಿ ಬಿಡಬೇಕು. ಮಾವ ಬಿಟ್ಟಿದ್ದು ಆರು ಅಡಿ. ಬೆಳೆಸುವ ಉದ್ದೇಶ ಯಾರಿಗಿತ್ತು, ಎಣಿಸುವವರು ಬರುವ ತನಕ ಜೀವ ಹಿಡಿದುಕೊಂಡಿದ್ದರೆ ಸಾಕಿತ್ತು. ಅಜ್ಜಿ ಸಂಜೆ ಹೊಲಕ್ಕೆ ಬಂದು ನೋಡಿ, "ಇದೇನ್ಲಾ, ರಾಗಿ ಪೈರು ನಾಟಿ ಹಾಕ್ದಂಗೆ ಮರ ನೆಟ್ಟಿದೀಯ?" ಅಂತ ಬೈದರು. ಬೈದು ಮಾರನೇ ದಿನದಿಂದ ತಾವೇ ಬಿಂದಿಗೆಯಲ್ಲಿ ನೀರು ಹೊತ್ತು ಹಾಕೋಕೆ ಶುರು ಮಾಡಿದರು. ನೆಟ್ಟ ಗಿಡ ಒಣಗಬಾರದು ಅನ್ನುವುದು ಅವರ ಲೆಕ್ಕ. ಯಾಕೆ ನೆಟ್ಟಿದ್ದು ಅನ್ನುವುದು ಬೇರೆ ವಿಷಯ.

ಇದು ಮೋಸ ತಾನೆ ಅಂದರೆ ಹೌದು, ಮೋಸವೇ. ಸುಮ್ನೆ ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ರೈತ ಅಂದ ಕೂಡಲೇ ಬರೀ ಮುಗ್ಧ ಅಂತ ಬರೆಯುವವರನ್ನು ಕಂಡರೆ ನನಗೆ ಸ್ವಲ್ಪ ಸಿಟ್ಟು ಬರುತ್ತೆ.

ಎಣಿಸುವವರು ಬಂದದ್ದು 2008ರ ಬೇಸಿಗೆ ರಜೆಯಲ್ಲಿ. ನಾನು ಅಲ್ಲೇ ಇದ್ದೆ, ಕಾಲೇಜಿನಲ್ಲಿ ಓದುತ್ತಿದ್ದೆ. ಮೂರು ಜನ. ಒಬ್ಬರ ಹತ್ತಿರ ಟೇಪು, ಒಬ್ಬರ ಹತ್ತಿರ ಉದ್ದನೆಯ ರಿಜಿಸ್ಟರ್, ಇನ್ನೊಬ್ಬರ ಹತ್ತಿರ ಕೊಡೆ. ಅಜ್ಜಿ ನೆಂಟರು ಬಂದ ಹಾಗೆ ಹೊಂಗೆ ಮರದ ಕೆಳಗೆ ಚಾಪೆ ಹಾಸಿ ಮಜ್ಜಿಗೆ ಕೊಟ್ಟರು. ಹುಣಸೆ 2. ಹೊಂಗೆ 4. ತೆಂಗು 11. ಬೇವು 1. ಬಾವಿ 1, ನೀರಿಲ್ಲ. ಹಲಸಿನ ಮರದ ಹತ್ತಿರ ನಿಂತು ರಿಜಿಸ್ಟರ್‌ನವರು, "ಇದಕ್ಕೆ ಎಷ್ಟು ವರ್ಷ ಆಗಿರಬಹುದು ಅಜ್ಜಿ?" ಅಂತ ಕೇಳಿದರು. "ನಮ್ಮತ್ತೆ ನೆಟ್ಟಿದ್ದು ಕಣಪ್ಪ. ನಮ್ಮತ್ತೆ ವಯಸ್ಸು ಗೊತ್ತಿದ್ರೆ ನೀನೇ ಬರ್ಕೊ." ಅವರು 50 ಅಂತ ಬರೆದುಕೊಂಡರು. ಕೊನೆಗೆ ಸಪೋಟ ಸಾಲಿಗೆ ಬಂದಾಗ ಒಬ್ಬರ ಮುಖ ಒಬ್ಬರು ನೋಡಿ ನಕ್ಕರು. ಮಾವನೂ ನಕ್ಕರು. ಯಾರೂ ಏನೂ ಹೇಳಲಿಲ್ಲ. ಸಪೋಟ ಸಸಿ, 60. ಬರೆದುಕೊಂಡು ಜೀಪ್ ಹತ್ತಿ ಹೋದರು.

ಆಮೇಲೆ ಹನ್ನೊಂದು ವರ್ಷ ಯಾರೂ ಬರಲಿಲ್ಲ.

ಹೆಂಗಿದ್ರೂ ಹೋಗೋದೇ ಅಲ್ವಾ

ಜನ ಕೇಳುವುದುಂಟು: ಹನ್ನೊಂದು ವರ್ಷ ಜಮೀನು ನಿಮ್ಮ ಹತ್ತಿರವೇ ಇತ್ತಲ್ಲ, ಉಳುಮೆ ಮಾಡಿಕೊಂಡು ಇದ್ದಿರಲ್ಲ, ಲಾಭವೇ ಆಯ್ತಲ್ಲ? ಹೊರಗಿನಿಂದ ನೋಡಿದರೆ ಹಾಗೇ ಕಾಣುತ್ತೆ. ಆದರೆ ಪ್ರಾಥಮಿಕ ಅಧಿಸೂಚನೆ ಆದ ಕೂಡಲೇ ಪಹಣಿಯ 11ನೇ ಕಾಲಂನಲ್ಲಿ ಈ ಜಮೀನು ಸ್ವಾಧೀನಕ್ಕೆ ಒಳಪಟ್ಟಿದೆ ಅಂತ ಒಂದು ಸಾಲು ಬಂದು ಕೂರುತ್ತೆ. ಹಕ್ಕುಗಳು, ಋಣಗಳು ಅನ್ನುವ ಕಾಲಂ ಅದು. ಆ ಸಾಲು ಬಂದ ಮೇಲೆ ಮಾವ ಬೆಳೆಸಾಲಕ್ಕೆ ಹೋದರೆ ಬ್ಯಾಂಕಿನವರು ಪಹಣಿಯನ್ನು ಹಾಗೇ ವಾಪಸ್ ಕೊಟ್ಟರು. ಮಾರೋಣ ಅಂದರೆ ಕೊಳ್ಳುವವರಿಲ್ಲ. ಮಾವ, ಚಿಕ್ಕಮಾವ ಭಾಗ ಮಾಡಿಕೊಳ್ಳೋಣ ಅಂದರೆ ಪೋಡಿ, ಅಂದರೆ ಅಳತೆ ಮಾಡಿಸಿ ಬೇರೆ ಮಾಡಿಸುವುದು, ಆಗಲ್ಲ. ಕೊಳವೆ ಬಾವಿ ಕೊರೆಸೋಣ ಅಂದರೆ, ಒಂದೂವರೆ ಲಕ್ಷ ಹಾಕಿ ಕೊರೆಸಿ, ನಾಳೆ ಬಂದು ಎಬ್ಬಿಸಿದರೆ? ಮನೆಯ ಹಿಂಭಾಗದ ಗೋಡೆ ಬಿದ್ದಾಗ ತಗಡು ಒರಗಿಸಿ ಬಿಟ್ಟರು. ಆ ಮನೆಯಲ್ಲಿ ಒಂದು ಮಾತು ಗಡಿಯಾರದ ಹಾಗೆ ಕೇಳುತ್ತಿತ್ತು: "ಹೆಂಗಿದ್ರೂ ಹೋಗೋದೇ ಅಲ್ವಾ."

ಮಾವನ ಮಗನಿಗೆ ಹೆಣ್ಣು ನೋಡುವಾಗ ನಡೆದದ್ದು ಇದು. ಹೆಣ್ಣಿನ ಕಡೆಯ ಹಿರಿಯರು ಕಾಫಿ ಲೋಟ ಕೆಳಗಿಟ್ಟು, "ಜಮೀನು ಎಷ್ಟೈತೆ?" ಅಂತ ಕೇಳಿದರು. ಮಾವ "ಮೂರೂಕಾಲು ಎಕರೆ" ಅಂದರು. ಆಮೇಲೆ ಸತ್ಯ ಹೇಳಬೇಕು ಅನ್ನಿಸಿರಬೇಕು, "ನೋಟಿಫಿಕೇಶನ್ ಆಗೈತೆ" ಅಂತ ಸೇರಿಸಿದರು. ಹಿರಿಯರು ಸ್ವಲ್ಪ ಹೊತ್ತು ಯೋಚಿಸಿ, "ಹಂಗಾರೆ ಐತಾ, ಇಲ್ವಾ?" ಅಂದರು. ಆ ಪ್ರಶ್ನೆಗೆ ಉತ್ತರ ನಮ್ಮ ಹತ್ತಿರ ಇರಲಿಲ್ಲ. ಆ ಸಂಬಂಧ ಕೂಡಿಬರಲಿಲ್ಲ. ಬೇರೆ ಕಾರಣಕ್ಕೂ ಇರಬಹುದು.

ಈ ಹನ್ನೊಂದು ವರ್ಷದಲ್ಲಿ ಅಲ್ಲಿ ಬೆಳೆದದ್ದು ಸಪೋಟ ಒಂದೇ. ಸಾಯಲಿ ಅಂತ ನೆಟ್ಟ ಗಿಡಗಳು ಅಜ್ಜಿಯ ಬಿಂದಿಗೆ ನೀರಿಗೆ ಬದುಕಿದವು. ನಾಲ್ಕನೇ ವರ್ಷಕ್ಕೆ ಕಾಯಿ ಬಿಟ್ಟವು. ಒಂದಕ್ಕೊಂದು ಹೆಣೆದುಕೊಂಡಾಗ ಮಾವ ನಡುನಡುವೆ ಕಡಿದು ತೆಗೆದರು. 60ರಲ್ಲಿ ಉಳಿದದ್ದು 26. ಅವು ಚೆನ್ನಾಗಿಯೇ ಬಂದವು. ಸಾಲ ಸಿಗದ, ಬೋರ್ ಇಲ್ಲದ ಆ ಜಮೀನಿನಲ್ಲಿ ಕೊನೆಗೆ ಮನೆ ನಡೆಸಿದ್ದು ಪರಿಹಾರದ ಆಸೆಗೆ ನೆಟ್ಟ ಆ ಸಪೋಟವೇ. ಅಜ್ಜಿ 2014ರಲ್ಲಿ ತೀರಿಕೊಂಡರು. ನಮ್ಮ ಕಡೆ ಹೂಳುವುದು ಸ್ವಂತ ಜಮೀನಿನಲ್ಲೇ. ತಾತನ ಸಮಾಧಿಯ ಪಕ್ಕದಲ್ಲಿ ಗುಂಡಿ ತೋಡಿದರು. ಅಷ್ಟರಲ್ಲಿ ಅಂತಿಮ ಅಧಿಸೂಚನೆಯೂ ಆಗಿತ್ತು, ಕಾನೂನಿನ ಕಣ್ಣಿನಲ್ಲಿ ಅದು ಆಗಲೇ ನಮ್ಮ ಜಮೀನಲ್ಲ. ಆವತ್ತು ಯಾರಿಗೂ ಅದು ನೆನಪಾಗಲಿಲ್ಲ. ನೆನಪಾಗಿದ್ದರೂ ಬೇರೆ ಎಲ್ಲಿಗೆ ಹೋಗಬೇಕಿತ್ತು?

ಗಡುವು ಇಲ್ಲದ ಕಾನೂನು

ಇದನ್ನೆಲ್ಲ ಕೂತು ಓದಿಕೊಂಡದ್ದು ಆಮೇಲೆ. ನಾನು ವಕೀಲಿಕೆ ಓದಿದವಳಲ್ಲ, ಆದರೂ ಒಂದು ವಿಷಯ ನನ್ನನ್ನು ಬೆಚ್ಚಿಬೀಳಿಸಿತು. ಬ್ರಿಟಿಷರ ಕಾಲದ 1894ರ ಭೂಸ್ವಾಧೀನ ಕಾಯ್ದೆಯನ್ನು ನಾವು ಎಷ್ಟು ಬೈದರೂ, 1984ರ ತಿದ್ದುಪಡಿಯ ನಂತರ ಅದರಲ್ಲಿ ಒಂದು ಗಡುವು ಇತ್ತು. ಜಮೀನು ಬೇಕು ಅಂತ ಘೋಷಣೆ ಆದ 2 ವರ್ಷದೊಳಗೆ ಐತೀರ್ಪು, ಅಂದರೆ ಪರಿಹಾರ ಇಷ್ಟು ಅನ್ನುವ ಆದೇಶ, ಆಗದಿದ್ದರೆ ಇಡೀ ಪ್ರಕ್ರಿಯೆ ಬಿದ್ದುಹೋಗಬೇಕು. ಅದರ ಜಾಗಕ್ಕೆ ಬಂದ 2013ರ ಕಾಯ್ದೆ ಇನ್ನೂ ಬಿಗಿ. ಘೋಷಣೆಯಿಂದ 12 ತಿಂಗಳಲ್ಲಿ ಐತೀರ್ಪು, ಖಾಸಗಿ ಕಂಪನಿಗಾದರೆ ಶೇ 80ರಷ್ಟು ಕುಟುಂಬಗಳ ಒಪ್ಪಿಗೆ, ಅದಕ್ಕೂ ಮೊದಲು ಸಾಮಾಜಿಕ ಪರಿಣಾಮದ ಅಧ್ಯಯನ. ಆದರೆ ನಮ್ಮ ರಾಜ್ಯದಲ್ಲಿ ಕೈಗಾರಿಕೆಗೆ ಜಮೀನು ತೆಗೆದುಕೊಳ್ಳುವುದು ಇವೆರಡರ ಕೆಳಗೂ ಅಲ್ಲ. ಅದಕ್ಕೆ 1966ರ ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆ ಇದೆ, ಕೆಐಎಡಿಬಿ ಕಾಯ್ದೆ ಅಂತ ನಾವೆಲ್ಲ ಕರೆಯುವುದು. ಅದರ ಸೆಕ್ಷನ್ 28(1) ಅಂದರೆ ಪ್ರಾಥಮಿಕ ಅಧಿಸೂಚನೆ, ತೆಗೆದುಕೊಳ್ಳುವ ಉದ್ದೇಶ ಇದೆ ಅಂತ ಹೇಳುವುದು, 28(4) ಅಂದರೆ ಅಂತಿಮ ಅಧಿಸೂಚನೆ, ತೆಗೆದುಕೊಂಡೆವು ಅಂತ ಹೇಳುವುದು. ಹಳ್ಳಿಗಳಲ್ಲಿ ಅಕ್ಷರ ಬಾರದವರೂ ಈ ಎರಡು ನಂಬರ್ ಹೇಳುತ್ತಾರೆ. 28(4) ಆದ ಮೇಲೆ ಇಂತಿಷ್ಟು ದಿನದಲ್ಲಿ ಐತೀರ್ಪು ಆಗದಿದ್ದರೆ ಬಿದ್ದುಹೋಗುತ್ತೆ ಅನ್ನುವ ಮಾತು ಈ ಕಾಯ್ದೆಯಲ್ಲಿ ಇಲ್ಲ. 1894ರ ಕಾಯ್ದೆಯ ಎರಡು ವರ್ಷದ ಗಡುವು ಇದಕ್ಕೂ ಅನ್ವಯಿಸಲಿ ಅಂತ ವಾದ ಮಾಡಿದ್ದೂ ಆಯಿತು. 2011ರಲ್ಲಿ ಎಂ. ನಾಗಭೂಷಣ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅನ್ವಯಿಸುವುದಿಲ್ಲ ಅಂದಿತು.

ಬೆಂಗಳೂರು ಮೈಸೂರು ಕಾರಿಡಾರ್ ಯೋಜನೆಯ ಇನ್ನೊಂದು ಪ್ರಕರಣದ ತಾರೀಕುಗಳನ್ನು ಸುಮ್ಮನೆ ಸಾಲಾಗಿ ಬರೆಯುತ್ತೇನೆ. ಪ್ರಾಥಮಿಕ ಅಧಿಸೂಚನೆ 2003ರ ಜನವರಿ. ಜಾಗ ವಶಕ್ಕೆ ತೆಗೆದುಕೊಂಡದ್ದು 2005ರ ನವೆಂಬರ್. ಐತೀರ್ಪು 2019ರ ಏಪ್ರಿಲ್. ನಡುವೆ ಹದಿಮೂರು ವರ್ಷ ಜಾಗವೂ ಇಲ್ಲ, ದುಡ್ಡೂ ಇಲ್ಲ. ಅದೂ ಕೊನೆಗೆ ಕೊಟ್ಟದ್ದು 2011ರ ಮಾರ್ಗಸೂಚಿ ದರದ ಲೆಕ್ಕದಲ್ಲಿ. 2025ರ ಜನವರಿ 2ರಂದು ಸುಪ್ರೀಂ ಕೋರ್ಟ್ ಅಧಿಕಾರಿಗಳ ಜಡತನವನ್ನು ಖಂಡಿಸಿ, 2019ರ ಏಪ್ರಿಲ್ 22ರ ಮಾರುಕಟ್ಟೆ ದರ ಹಿಡಿದು ಪರಿಹಾರ ಲೆಕ್ಕ ಹಾಕಿ ಅಂತ ಆದೇಶ ಕೊಟ್ಟಿತು. ಅಂದರೆ ಮೊದಲ ಅಧಿಸೂಚನೆಯಿಂದ ಆ ಆದೇಶಕ್ಕೆ 22 ವರ್ಷ. ಆ ವರ್ಷ ಹುಟ್ಟಿದ ಮಗು ಡಿಗ್ರಿ ಮುಗಿಸಿರುತ್ತೆ.

ಅದಕ್ಕೂ ಏಳೆಂಟು ತಿಂಗಳ ಹಿಂದೆ, 2024ರ ಮೇನಲ್ಲಿ, ಕೊಲ್ಕತ್ತಾದ ಒಂದು ಪ್ರಕರಣದಲ್ಲಿ ಅದೇ ನ್ಯಾಯಾಲಯ ಆಸ್ತಿ ಹಕ್ಕನ್ನು ಏಳು ಸಣ್ಣ ಹಕ್ಕುಗಳಾಗಿ ಬಿಡಿಸಿ ಹೇಳಿತ್ತು. ತಿಳಿಸಬೇಕು, ಆಕ್ಷೇಪ ಕೇಳಬೇಕು, ಕಾರಣ ಕೊಟ್ಟು ತೀರ್ಮಾನಿಸಬೇಕು, ಸಾರ್ವಜನಿಕ ಉದ್ದೇಶ ಇರಬೇಕು, ನ್ಯಾಯವಾದ ಪರಿಹಾರ ಕೊಡಬೇಕು. ಇವನ್ನೆಲ್ಲ ನಾವು ಮುಂಚೆಯೂ ಕೇಳಿದ್ದೇವೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಕೊನೆಯ ಎರಡು. ಎಳೆದಾಡದೆ ಬೇಗ ನಡೆಸಬೇಕು. ಶುರು ಮಾಡಿದ್ದನ್ನು ಮುಗಿಸಬೇಕು. ಮುಗಿಸಿಕೊಳ್ಳುವ ಹಕ್ಕು! ಮಾವನಿಗೆ ಇದನ್ನು ಫೋನಿನಲ್ಲಿ ಓದಿ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದೊಂದು ಆಗಿದ್ರೆ ಸಾಕಿತ್ತು ಬಿಡು" ಅಂದರು.

ಇದೇ ಇಷ್ಟು ದಿನ ನನಗೆ ಹೇಳಲು ಬಾರದೇ ಇದ್ದದ್ದು. ಸರ್ಕಾರ ಜಮೀನು ತೆಗೆದುಕೊಳ್ಳುವುದು ಎಷ್ಟೋ ವರ್ಷ ಆದ ಮೇಲೆ. ಅದಕ್ಕೂ ಮುಂಚೆ ತೆಗೆದುಕೊಳ್ಳುವುದು ನಾಳೆ ಏನು ಮಾಡೋಣ ಅಂತ ಕೂತು ಯೋಚಿಸುವ ಶಕ್ತಿಯನ್ನು. ಅದು ಮಾಲ್ಕಿ ಪಟ್ಟಿಯಲ್ಲಿ ಬರುವುದಿಲ್ಲ. ಗೋಡೆ ಕಟ್ಟದೇ ಬಿಟ್ಟದ್ದು, ಬೋರ್ ಕೊರೆಸದೇ ಬಿಟ್ಟದ್ದು, ದ್ರಾಕ್ಷಿ ಹಾಕೋಣ ಅಂದುಕೊಂಡು ಬಿಟ್ಟದ್ದು, ಇವನ್ನು ಯಾವ ಟೇಪಿನಲ್ಲಿ ಅಳೆಯುತ್ತಾರೆ?

ಹಲಸಿನ ಮರದ ಕುಕ್ಕರ್

2019ರಲ್ಲಿ ನೋಟಿಸ್ ಬಂತು. ಬಂದದ್ದು ಅಜ್ಜಿಯ ಹೆಸರಿಗೆ. ಅವರು ತೀರಿಕೊಂಡು ಐದು ವರ್ಷ ಆಗಿತ್ತು. ಪೌತಿ ಖಾತೆ, ಅಂದರೆ ತೀರಿಕೊಂಡವರ ಖಾತೆ ವಾರಸುದಾರರ ಹೆಸರಿಗೆ ಬರುವುದು, ಆಗಿರಲಿಲ್ಲ, 11ನೇ ಕಾಲಂನ ಆ ಸಾಲು ನೋಡಿ ಎಲ್ಲರೂ ಕೈಚೆಲ್ಲಿದ್ದರು. ಹಾಗಾಗಿ ಮರಣ ಪತ್ರ, ವಂಶವೃಕ್ಷ, ವಾರಸುದಾರರೆಲ್ಲರ ಸಹಿ ಬೇಕಾಯಿತು. ಅಮ್ಮ, ಚಿಕ್ಕಮ್ಮ ಇಬ್ಬರೂ ಬರಬೇಕು ಅಂದರು. ನಾನು ರಜೆ ಹಾಕಿ ಅಮ್ಮನನ್ನು ಕರೆದುಕೊಂಡು ಹೋದೆ.

ಯಾವ ಕಚೇರಿ ಅಂತ ಬೇಡ. ಎಲ್ಲ ಕಚೇರಿಗಳ ಹಾಗೇ ಇತ್ತು. ಹೊರಗೆ ಜೆರಾಕ್ಸ್ ಅಂಗಡಿ, ಛಾಪಾ ಕಾಗದ ಮಾರುವವರು, ಒಳಗೆ ಕೆಂಪು ಬಟ್ಟೆಯಲ್ಲಿ ಕಟ್ಟಿದ ಕಡತಗಳು. ಬೇವಿನ ಮರದ ಕಟ್ಟೆ ಮೇಲೆ ಕೂತಾಗ ಮಾವ ಅಮ್ಮನ ಕಡೆ ನೋಡದೇ ಹೇಳಿದರು: "ನಿಮ್ಗೂ ಪಾಲು ಐತೆ ಕಣವ್ವಾ. ಬೇಕಂದ್ರೆ ಬಾಯಿಬಿಟ್ಟು ಹೇಳಿ." ಅಮ್ಮ ಸ್ವಲ್ಪವೂ ತಡ ಮಾಡಲಿಲ್ಲ. "ನಂಗೇನೂ ಬೇಡ ಅಣ್ಣ. ಅತ್ತೆ ನೆಟ್ಟಿದ್ದು ಅಂತ ಅವ್ವ ಹೇಳ್ತಿದ್ಲಲ್ಲ, ಆ ಹಲಸಿನ ಮರದ ದುಡ್ಡು ಎಷ್ಟು ಬತ್ತದೋ ಅಷ್ಟು ಕೊಡು." ಮಾವ ಕಣ್ಣು ಒರೆಸಿಕೊಂಡರು. ಚೆಕ್ ಬಂದ ಮೇಲೆ ಪಟ್ಟಿ ನೋಡಿ, ಹಲಸು 1, 4,200 ರೂಪಾಯಿ, ಅಷ್ಟನ್ನೇ ಕವರಿನಲ್ಲಿ ಹಾಕಿ ತಂದುಕೊಟ್ಟರು. ಅಮ್ಮ ಅದರಲ್ಲಿ ಕುಕ್ಕರ್ ತಗೊಂಡರು. ನಮ್ಮ ಮನೆಯಲ್ಲಿ ಈಗಲೂ ಅದು ಹಲಸಿನ ಮರದ ಕುಕ್ಕರ್.

ಈ ದೃಶ್ಯವನ್ನು ನಾನು ಎಷ್ಟೋ ಜನರಿಗೆ ಹೇಳಿದ್ದೇನೆ, ಕೇಳಿದವರೆಲ್ಲ ಎಂಥ ಒಳ್ಳೆ ಅಣ್ಣ ತಂಗಿ ಅನ್ನುತ್ತಾರೆ. ನನಗೂ ಹಾಗೇ ಅನ್ನಿಸುತ್ತೆ. ಆದರೆ ರಾತ್ರಿ ಮಲಗಿದಾಗ ಇನ್ನೊಂದು ಯೋಚನೆಯೂ ಬರುತ್ತೆ. ಹೆಣ್ಣುಮಕ್ಕಳಿಗೂ ಸಮಪಾಲು ಅಂತ ನಮ್ಮ ರಾಜ್ಯ ಕೇಂದ್ರದ 2005ರ ತಿದ್ದುಪಡಿಗಿಂತ ಮುಂಚೆ, 1994ರಲ್ಲೇ, ಕಾನೂನು ಮಾಡಿತು. ಅಮ್ಮ "ನಂಗೇನೂ ಬೇಡ" ಅಂತ ಅಷ್ಟು ಬೇಗ ಹೇಳಿದ್ದು ಪ್ರೀತಿಗೋ, ಹಾಗೆ ಹೇಳಿಯೇ ಅಭ್ಯಾಸವೋ? ಆ ಜಮೀನಿನ ಮೇಲಿನ ಅಮ್ಮನ ಹಕ್ಕು ಮದುವೆಯ ದಿನವೇ ಹೋಗಿತ್ತು. ಯಾವ ಅಧಿಸೂಚನೆಯೂ ಇರಲಿಲ್ಲ, ಆಕ್ಷೇಪಣೆಗೆ ಅವಕಾಶವೂ ಇರಲಿಲ್ಲ. ಸರ್ಕಾರವನ್ನು ಬೈಯುವಾಗ ಇದನ್ನು ನುಂಗಿಕೊಂಡು ಬೈಯುವುದು ನನಗೆ ಸ್ವಲ್ಪ ಕಷ್ಟ.

ಆವತ್ತೇ ಕಚೇರಿಯಲ್ಲಿ ಇನ್ನೊಂದು ನಡೆಯಿತು. ಐತೀರ್ಪಿನ ಪಟ್ಟಿ ಕೈಗೆ ಬಂದಾಗ ಮಾವ ಕನ್ನಡಕ ಹಾಕಿಕೊಂಡು ಓದಿದರು. ಸಪೋಟ ಸಸಿ, 60. ಪಕ್ಕದಲ್ಲಿ ಸಸಿಯ ದರ. "ಸಾರ್, ಇವು ಸಸಿ ಅಲ್ಲ. ಮರ ಆಗವೆ. ಏಳೆಂಟು ವರ್ಷದಿಂದ ಹಣ್ಣು ಮಾರ್ತಾ ಇವ್ನಿ" ಅಂದರು. ಗುಮಾಸ್ತರು ಒಳ್ಳೆಯವರೇ, ಗದರಲಿಲ್ಲ. "ಎಣಿಸಿದ ದಿನ ಏನಿತ್ತೋ ಅದೇ ಲೆಕ್ಕ, ಯಜಮಾನ್ರೇ. ಈಗ ಮತ್ತೆ ಎಣಿಸಬೇಕು ಅಂದ್ರೆ ಅರ್ಜಿ ಕೊಡಿ, ಇದು ವಾಪಸ್ ಹೋಗುತ್ತೆ." ಆಮೇಲೆ ತಲೆ ಎತ್ತಿ, "ಅಂದಹಾಗೆ ಈಗ ಎಷ್ಟಿವೆ ಮರ?" ಅಂತ ಕೇಳಿದರು. ಮಾವ ನನ್ನ ಮುಖ ನೋಡಿದರು. ಇರುವುದು 26. "60ಕ್ಕೆ ಸಸಿ ಅಂತಲೇ ಇರ್ಲಿ ಬಿಡಿ ಸಾರ್" ಅಂತ ಸಹಿ ಹಾಕಿದರು. ಬಸ್ಸಿನಲ್ಲಿ ವಾಪಸ್ ಬರುವಾಗ ಇಬ್ಬರೂ ಹೊಟ್ಟೆ ಹಿಡಿದು ನಕ್ಕೆವು. ಅಷ್ಟು ಹೊತ್ತಿಗೆ ನಗು ಬಿಟ್ಟರೆ ಬೇರೆ ಏನೂ ಉಳಿದಿರಲಿಲ್ಲ ಅಂತ ಕಾಣುತ್ತೆ.

ನಾನು ಕೂತಿರುವ ಜಾಗ

ಇಷ್ಟೆಲ್ಲ ಬರೆಯುತ್ತಿರುವ ನಾನು ದಿನಾ ಕೆಲಸಕ್ಕೆ ಹೋಗುವುದು ಎಲೆಕ್ಟ್ರಾನಿಕ್ಸ್ ಸಿಟಿಗೆ. 1978ರಲ್ಲಿ ರಾಜ್ಯ ಸರ್ಕಾರದ ಕಿಯೋನಿಕ್ಸ್ ಸಂಸ್ಥೆ 332 ಎಕರೆಯಲ್ಲಿ ಅದನ್ನು ಶುರು ಮಾಡಿದ್ದು ಕೋನಪ್ಪನ ಅಗ್ರಹಾರ, ದೊಡ್ಡತೋಗೂರು ಅನ್ನುವ ಹಳ್ಳಿಗಳಲ್ಲಿ. ಆ ಹೆಸರುಗಳು ಈಗ ಬಸ್ಸಿನ ಬೋರ್ಡಿನಲ್ಲಿವೆ, ಕೋನಪ್ಪನ ಅಗ್ರಹಾರ ಮೆಟ್ರೋ ನಿಲ್ದಾಣದ ಗೋಡೆಯ ಮೇಲೂ ಇದೆ. ನನ್ನ ಸಂಬಳ, ಮನೆಯ ಇಎಂಐ, ಅಮ್ಮನ ಔಷಧಿ, ಎಲ್ಲ ಅಲ್ಲಿಂದಲೇ ಬರುವುದು. ಕ್ಯಾಂಟೀನ್ ಕಿಟಕಿಯ ಹೊರಗೆ ಒಂದು ಹಳೆಯ ಹುಣಸೆ ಮರ ಇದೆ. ಅದರ ಹುಣಸೆಹಣ್ಣು ಯಾರೂ ಬಡಿಯುವುದಿಲ್ಲ, ಉದುರಿ ಕಾರುಗಳ ಮೇಲೆ ಬೀಳುತ್ತೆ. ಅದೂ ಯಾವುದೋ ಪಟ್ಟಿಯಲ್ಲಿ "ಹುಣಸೆ 1" ಅಂತ ಇದ್ದಿರಬೇಕು.

ಹಾಗಾಗಿ ಜಮೀನೇ ತೆಗೆದುಕೊಳ್ಳಬೇಡಿ ಅಂತ ಹೇಳುವ ಮುಖ ನನಗಿಲ್ಲ. ರಸ್ತೆ ಬೇಕು, ಆಸ್ಪತ್ರೆ ಬೇಕು, ಕಾರ್ಖಾನೆಯೂ ಬೇಕು, ಮಾವನ ಮಗನಿಗೂ ಕೆಲಸ ಬೇಕು. ಆದರೆ ಬಳ್ಳಾರಿಯ ಕುಡತಿನಿ ಕಡೆ ನೋಡಿ. 2010ರ ಹೂಡಿಕೆದಾರರ ಸಮಾವೇಶದಲ್ಲಿ ಉಕ್ಕಿನ ಕಾರ್ಖಾನೆ ಅಂತ ಘೋಷಣೆ ಆಯಿತು, ಸಾವಿರಾರು ಎಕರೆ ಹೋಯಿತು, ಉಕ್ಕು ಬರಲಿಲ್ಲ. ಕೆಲಸ ಕೊಡಿ, ಇಲ್ಲವೇ ಸರಿಯಾದ ಬೆಲೆ ಕೊಡಿ ಅಂತ ಅಲ್ಲಿನವರು 2022ರ ಡಿಸೆಂಬರ್‌ನಿಂದ ಧರಣಿ ಕೂತರು. ಬಂಗಾಳದ ಸಿಂಗೂರಿನಲ್ಲಿ 2006ರಲ್ಲಿ ನ್ಯಾನೊ ಕಾರಿಗೆ ಅಂತ ತೆಗೆದುಕೊಂಡ 997 ಎಕರೆಯನ್ನು 2016ರಲ್ಲಿ ಸುಪ್ರೀಂ ಕೋರ್ಟ್ ವಾಪಸ್ ಕೊಡಿಸಿತು. ಹತ್ತು ವರ್ಷ ಆದ ಮೇಲೆ ಕೈಗೆ ಬಂದದ್ದು ಕಾಂಕ್ರೀಟು ಹಾಕಿ ಕಿತ್ತ ನೆಲ.

ದೇವನಹಳ್ಳಿಯ ಚನ್ನರಾಯಪಟ್ಟಣ ಹೋಬಳಿಯವರು ಗೆದ್ದರು. ಏರೋಸ್ಪೇಸ್ ಪಾರ್ಕಿಗೆ ಅಂತ ಗುರುತು ಮಾಡಿದ್ದು 13 ಹಳ್ಳಿಗಳ 1,777 ಎಕರೆ. 2022ರ ಏಪ್ರಿಲ್‌ನಲ್ಲಿ ಧರಣಿ ಕೂತವರು ಮೂರು ವರ್ಷ ಏಳಲಿಲ್ಲ. 2025ರ ಜೂನ್ 25ರಂದು ಪೊಲೀಸರು ಎಳೆದೊಯ್ದ ಮೇಲೆ ರಾಜ್ಯವೆಲ್ಲ ಅವರ ಕಡೆ ತಿರುಗಿ ನೋಡಿತು. ಜುಲೈ 15ಕ್ಕೆ ಮುಖ್ಯಮಂತ್ರಿ ಸಿದ್ದರಾಮಯ್ಯ ಕೈಬಿಟ್ಟೆವು ಅಂದರು. ಆಂಧ್ರದ ಮಂತ್ರಿ ನಾರಾ ಲೋಕೇಶ್ ಆವತ್ತೇ ಕಂಪನಿಗಳಿಗೆ ನಮ್ಮಲ್ಲಿ ಬನ್ನಿ ಅಂತ ಕರೆ ಕೊಟ್ಟರು. ಟಿವಿಯಲ್ಲಿ ಅದೇ ದೊಡ್ಡ ಚರ್ಚೆ ಆಯಿತು. ಇಷ್ಟಪಟ್ಟು ಕೊಡುವವರ ಜಮೀನು ತೆಗೆದುಕೊಳ್ಳುತ್ತೇವೆ ಅಂತಲೂ ಮುಖ್ಯಮಂತ್ರಿ ಹೇಳಿದ್ದರು. ಕೊಡುತ್ತೇವೆ ಅಂತ ಕೆಲವು ರೈತರು ಮುಂದೆ ಬಂದಾಗ ನನ್ನ ಆಫೀಸಿನಲ್ಲಿ ಒಬ್ಬರು, "ನೋಡಿದ್ರಾ, ಎಲ್ಲಾ ದುಡ್ಡಿಗೋಸ್ಕರ" ಅಂತ ನಕ್ಕರು. ನನಗೆ ಅದರಲ್ಲಿ ನಗುವಂಥದ್ದೇನೂ ಕಾಣಲಿಲ್ಲ. ಕೊಡಲ್ಲ ಅನ್ನುವವನೂ ಕೊಡುತ್ತೇನೆ ಅನ್ನುವವನೂ ಕೇಳುತ್ತಿರುವುದು ಒಂದನ್ನೇ ಅಲ್ವಾ, ನಾನೇ ಹೇಳುತ್ತೇನೆ ಅಂತ.

ಆ ಸಂಜೆ ಮಾವನಿಗೆ ಫೋನ್ ಮಾಡಿದೆ. ಅವರೂ ಟಿವಿ ನೋಡುತ್ತಿದ್ದರು. ಖುಷಿ ಪಡುತ್ತಾರೆ ಅಂದುಕೊಂಡಿದ್ದೆ. "ಅದ್ಸರಿ. ಅವರ ಪಹಣಿಯಿಂದ ಆ ಸಾಲು ತೆಗೆದ್ರಂತಾ?" ಅಂತ ಕೇಳಿದರು.

ಕಾಂಪೌಂಡಿನ ಒಳಗೆ

ನಮ್ಮ ಜಮೀನಿನ ಸುತ್ತ ಈಗ ಸಿಮೆಂಟಿನ ಕಂಬ, ಚಪ್ಪಡಿಯ ಕಾಂಪೌಂಡ್ ಇದೆ. ಒಳಗೆ ಏನೂ ಇಲ್ಲ. ಲಾಂಟಾನ ಬೆಳೆದಿದೆ, ನವಿಲು ಬರುತ್ತವಂತೆ. ಗೇಟಿನಲ್ಲಿ ಒಡಿಶಾದ ಒಬ್ಬ ಹುಡುಗ ಕಾವಲಿಗಿದ್ದಾನೆ, ಹೆಂಡತಿ ಮತ್ತು ಸಣ್ಣ ಮಗುವಿನ ಜೊತೆ ತಗಡಿನ ಶೆಡ್ಡಿನಲ್ಲಿ. ಖಾಲಿ ಜಾಗ ಕಾಯುವುದು ಅವನ ಕೆಲಸ. ಪಿತೃಪಕ್ಷಕ್ಕೆ ಎಡೆ ಇಡಲು ಮಾವ ಮೊದಲ ಸಲ ಹೋದಾಗ ಅವನು ಬಿಡಲಿಲ್ಲ. ಸಮಾಧಿ ಇದೆ ಅಂದರೆ ನಂಬಲಿಲ್ಲ. ಮಾವ ಕೈಹಿಡಿದು ಕರೆದುಕೊಂಡು ಹೋಗಿ, ಲಾಂಟಾನ ಸರಿಸಿ, ಎರಡು ಕಲ್ಲು ತೋರಿಸಿದರು. ಮಾಲ್ಕಿ ಪಟ್ಟಿಯಲ್ಲಿ ಅವಕ್ಕೆ ಕಾಲಂ ಇರಲಿಲ್ಲ. ಆ ಹುಡುಗ ಚಪ್ಪಲಿ ಬಿಟ್ಟು ನಿಂತನಂತೆ.

ಈಗ ಅವನೇ ಫೋನ್ ಮಾಡುತ್ತಾನೆ, "ಅಂಕಲ್, ಚಿಕ್ಕೂ ಆಗಿದೆ" ಅಂತ. ಮಾವ ಹೋಗುತ್ತಾರೆ, ಕೊಯ್ಯುತ್ತಾರೆ, ಅರ್ಧ ಅವನಿಗೆ, ಅರ್ಧ ನಮಗೆ.

ಈ ಸಲ ಊಟ ಮುಗಿಸಿ ಹೊರಡುವಾಗ ಮಾವ ಬಾಗಿಲಲ್ಲಿ ನಿಂತು ಒಂದು ವಿಷಯ ಕೇಳಿದರು. ಮೂಲೆಯ ಒಂದು ಮರದಲ್ಲಿ ಒಣಕೊಂಬೆ ಜಾಸ್ತಿ ಆಗಿದೆಯಂತೆ. ಕಡಿಯದಿದ್ದರೆ ಇಡೀ ಮರ ಹೋಗುತ್ತೆ. "ಸರ್ಕಾರದ ಮರ ಅಲ್ವಾ, ಕೊಂಬೆ ಕಡಿದ್ರೆ ಕೇಸು ಗೀಸು ಆಗ್ತದಾ? ನೀನು ಕಂಪ್ಯೂಟರಲ್ಲಿ ನೋಡಿ ಹೇಳು, ಯಾರಿಗೆ ಅರ್ಜಿ ಹಾಕ್ಬೇಕು ಅಂತ." ಅರ್ಜಿಯಲ್ಲಿ ಮರ ಅಂತ ಬರೆಯುವಂತಿಲ್ಲ ಮಾವ, ದಾಖಲೆಯಲ್ಲಿ ಇನ್ನೂ ಸಸಿ ಅಂದೆ. ಅವರು ನಗಲಿಲ್ಲ. ಗೊನೆ ಕಡಿಯುವ ಹಳೆಯ ಮಚ್ಚು ಅಟ್ಟದ ಮೇಲೆ ಎಲ್ಲೋ ಇದೆ, ಅದಕ್ಕೆ ಸಾಣೆ ಹಿಡಿಸಬೇಕು ಅಂತ ತಮಗೆ ತಾವೇ ಹೇಳಿಕೊಳ್ಳುತ್ತಾ ಬಸ್ ಸ್ಟಾಪಿನ ಕಡೆ ನಡೆದರು. ಖಾಲಿ ಚೀಲ ಮಡಚಿ ಕಂಕುಳಲ್ಲಿ ಇಟ್ಟುಕೊಂಡಿದ್ದರು.